ಊರಾಚೆ ಇದ್ದ ಸ್ಮಶಾನ: ಲಂಡನ್ನಿನ ಬ್ರಾಂಪ್ಟನ್ ಕತೆ

ಎಂಜಿನಿಯರಿಂಗ್ ಸೇರಿದ ಮೇಲೆ ಒಂದಾದರೂ ಕೂರ್ಗ್ ಟ್ರಿಪ್ ಮಾಡದವರು ಯಾರಿದ್ದಾರೆ ಹೇಳಿ! ರಾಜಾಸೀಟಿನಲ್ಲಿ ಸೂರ್ಯಾಸ್ತ, ಅಬ್ಬಿ ಜಲಪಾತದ ಮುಂದೆ ಗ್ರೂಪ್ ಫೋಟೋ, ವಾಪಸ್ ಬರುವಾಗ ಬ್ಯಾಗಿನಲ್ಲಿ ಕಾಫಿಪುಡಿ, ಜೇನುತುಪ್ಪ. ನಾವೂ ಅಷ್ಟೇ ಮಾಡಿದೆವು. ಆದರೆ ಬಸ್ಸಿಗೆ ಇನ್ನೂ ಟೈಮ್ ಇದೆ ಅಂತ ಮಡಿಕೇರಿಯ ಗದ್ದಿಗೆಗೂ ಹೋದೆವು. ಕೊಡಗಿನ ಹಾಲೇರಿ ರಾಜರ ಸಮಾಧಿಗಳು ಅಲ್ಲಿವೆ. ಅವರು ವೀರಶೈವರು, ತೀರಿಕೊಂಡವರನ್ನು ಸುಡದೆ ಹೂಳುವ ಪದ್ಧತಿ. ದೊಡ್ಡ ಗುಮ್ಮಟ, ಸುತ್ತ ಹುಲ್ಲುಹಾಸು, ಜನ ಕಡಿಮೆ. ಲಿಂಗರಾಜೇಂದ್ರನ ಗದ್ದಿಗೆಯನ್ನು 1820ರಲ್ಲಿ ಕಟ್ಟಿಸಿದವನು ಅವನ ಮಗ ಚಿಕ್ಕವೀರರಾಜೇಂದ್ರ, ಅಂದರೆ ಮಾಸ್ತಿಯವರ ಕಾದಂಬರಿಯ ರಾಜ, ಕೊಡಗಿನ ಕೊನೆಯ ಅರಸ.

ಅಪ್ಪನಿಗೆ ಗುಮ್ಮಟ ಕಟ್ಟಿಸಿದ ಆ ಮಗ ಕಣ್ಣು ಮುಚ್ಚಿದ್ದು ಮಡಿಕೇರಿಯಲ್ಲಲ್ಲ, ಲಂಡನ್ನಿನಲ್ಲಿ. ಅವನ ಮಗಳು ಗೌರಮ್ಮನೂ ಅಲ್ಲೇ ತೀರಿಕೊಂಡಳು. ಅವಳನ್ನು ಮಣ್ಣು ಮಾಡಿದ್ದು ಬ್ರಾಂಪ್ಟನ್ ಅನ್ನುವ ಸಾರ್ವಜನಿಕ ಸ್ಮಶಾನದಲ್ಲಿ.

ಹಾಸ್ಟೆಲ್ಲಿಗೆ ಬಂದ ಮೇಲೆ ಈ ಬ್ರಾಂಪ್ಟನ್ ಎಲ್ಲಿದೆ ಅಂತ ಮ್ಯಾಪ್ ತೆಗೆದು ನೋಡಿದೆ. ಪಶ್ಚಿಮ ಲಂಡನ್ನಿನ ನಡುವೆ ಒಂದು ಉದ್ದನೆಯ ಹಸಿರು ಪಟ್ಟಿ. ಪಕ್ಕದಲ್ಲೇ ರೈಲ್ವೆ ಹಳಿ, ಅದಕ್ಕೆ ಅಂಟಿಕೊಂಡ ಹಾಗೆ ಸ್ಟ್ಯಾಮ್‌ಫರ್ಡ್ ಬ್ರಿಜ್. ಹೌದು, ನಮ್ಮ ಹಾಸ್ಟೆಲ್ಲಿನ ಅರ್ಧ ಜನ ರಾತ್ರಿ ನಿದ್ದೆಗೆಟ್ಟು ಮ್ಯಾಚ್ ನೋಡುವ ಚೆಲ್ಸಿ ಕ್ಲಬ್ಬಿನ ಸ್ಟೇಡಿಯಂ! ಅಲ್ಲಿ ಮಲಗಿರುವವರ ಪಟ್ಟಿ ನೋಡುತ್ತಾ ಹೋದರೆ ನಮ್ಮ ಸಿವಿಲ್ ಬ್ರಾಂಚಿನವರಿಗೆ ಚೆನ್ನಾಗಿ ಪರಿಚಯವಿರುವ ಇನ್ನೊಂದು ಹೆಸರೂ ಸಿಕ್ಕಿತು: ಜಾನ್ ಸ್ನೋ. ಗೇಮ್ ಆಫ್ ಥ್ರೋನ್ಸ್‌ನವನಲ್ಲ, ಕಾಲರಾ ನೀರಿನಿಂದ ಹರಡುತ್ತೆ ಅಂತ ತೋರಿಸಿಕೊಟ್ಟ ಡಾಕ್ಟರು.

'ಸ್ಮಶಾನದ ಮೇಲೆ ಲೇಖನ ಬರೀತೀನಿ' ಅಂದಾಗ ಪತ್ರಿಕೆಯ ಸಂಪಾದಕ ಗೆಳೆಯ ಸ್ವಲ್ಪ ಹೊತ್ತು ಸುಮ್ಮನಿದ್ದು, 'ಸರಿ ಕಣೋ, ಆದ್ರೆ ರಾತ್ರಿ ಹೊತ್ತು ಮಾತ್ರ ಕಳಿಸಬೇಡ' ಅಂದ. ಹಗಲಲ್ಲೇ ಕಳಿಸಿದ್ದೇನೆ. ದೆವ್ವದ ಕತೆ ಇದರಲ್ಲಿಲ್ಲ. ಒಂದು ಮಹಾನಗರ ತನ್ನ ಸತ್ತವರಿಗೆ ಜಾಗ ಮಾಡಿಕೊಡೋಕೆ ಹೇಗೆ ಒದ್ದಾಡಿತು, ಎಲ್ಲಿ ಎಡವಿತು ಅನ್ನುವ ಕತೆ ಇದು. ನೀರು, ಚರಂಡಿ, ರಸ್ತೆಯ ಹಾಗೆ ಸ್ಮಶಾನವೂ ಊರಿಗೆ ಬೇಕಾದ ಒಂದು ವ್ಯವಸ್ಥೆ. ಆದರೆ ನಮ್ಮ ಯಾವ ಸೆಮಿಸ್ಟರಿನಲ್ಲೂ ಅದರ ಬಗ್ಗೆ ಒಂದು ಪಾಠವೂ ಇಲ್ಲ, ಅಲ್ವಾ?

ಜಾಗ ಸಾಲದ ಊರು

1801ರ ಜನಗಣತಿಯಲ್ಲಿ ಲಂಡನ್ನಿನ ಜನಸಂಖ್ಯೆ ಹತ್ತಿರ ಹತ್ತಿರ 10 ಲಕ್ಷ. 1851ರ ಹೊತ್ತಿಗೆ 23 ಲಕ್ಷ ದಾಟಿತ್ತು. ಐವತ್ತೇ ವರ್ಷದಲ್ಲಿ ಎರಡು ಪಟ್ಟಿಗಿಂತ ಹೆಚ್ಚು. ಬದುಕಿರುವವರು ಹೆಚ್ಚಾದರೆ ಸಾಯುವವರೂ ಹೆಚ್ಚಾಗಲೇಬೇಕು. ಆದರೆ ಸತ್ತವರ ಜಾಗ ಮಾತ್ರ ಹಳೆಯದೇ: ಆಯಾ ಬಡಾವಣೆಯ ಚರ್ಚಿನ ಅಂಗಳ. ನೂರಾರು ವರ್ಷಗಳಿಂದ ಅದೇ ಮಣ್ಣನ್ನು ಅಗೆದು ಅಗೆದು ಹೂಳುತ್ತಿದ್ದರು.

ಎಡ್ವಿನ್ ಚಾಡ್ವಿಕ್ ಅನ್ನುವ ಅಧಿಕಾರಿ 1843ರಲ್ಲಿ ಸರ್ಕಾರಕ್ಕೆ ಒಂದು ವರದಿ ಕೊಟ್ಟ. ಅವನ ಲೆಕ್ಕದ ಪ್ರಕಾರ ಲಂಡನ್ನಿನಲ್ಲಿ ಸುಮಾರು 200 ಎಕರೆ ಜಾಗದಲ್ಲಿ ಪ್ರತಿ ವರ್ಷ ಸುಮಾರು 50 ಸಾವಿರ ಶವ ಹೂಳುತ್ತಿದ್ದರು. ನಮ್ಮ ಲೆಕ್ಕಕ್ಕೆ ತಂದುಕೊಳ್ಳಿ: ಎಕರೆಗೆ 40 ಗುಂಟೆ. ಒಂದು ಗುಂಟೆ ಅಂದರೆ 33 ಅಡಿ ಉದ್ದ, 33 ಅಡಿ ಅಗಲ, ನಮ್ಮ ಒಂದು ಥರ್ಟಿ-ಫಾರ್ಟಿ ಸೈಟಿಗಿಂತ ಸ್ವಲ್ಪ ಚಿಕ್ಕದು. ಅಷ್ಟು ಜಾಗದಲ್ಲಿ ವರ್ಷಕ್ಕೆ ಆರು ಶವ, ಅದೂ ಪ್ರತಿ ವರ್ಷ, ಮೊದಲೇ ತುಂಬಿದ ನೆಲದಲ್ಲಿ. ಹೊಸಬರಿಗೆ ಗುಂಡಿ ತೋಡುವಾಗ ಹಳಬರ ಮೂಳೆ ಮೇಲೆ ಬರುತ್ತಿತ್ತು. ಶವ ಪೂರ್ತಿ ಮಣ್ಣಾಗುವ ಮೊದಲೇ ಎತ್ತಿ ಜಾಗ ಖಾಲಿ ಮಾಡುತ್ತಿದ್ದರು.

ಸ್ಟ್ರ್ಯಾಂಡ್ ರಸ್ತೆಯ ಹತ್ತಿರ ಈನನ್ ಚಾಪೆಲ್ ಅನ್ನುವ ಖಾಸಗಿ ಪ್ರಾರ್ಥನಾಮಂದಿರ ಒಂದಿತ್ತು. ಅಲ್ಲಿ ಕಡಿಮೆ ದುಡ್ಡಿಗೆ ಹೂಳಿಕೊಡುತ್ತಿದ್ದರು, ಎಲ್ಲಿ ಅಂತೀರಿ? ಮಂದಿರದ ನೆಲದಡಿ. ಮೇಲೆ ಮರದ ಹಲಗೆ, ಹಲಗೆಯ ಮೇಲೆ ಪ್ರಾರ್ಥನೆ, ಕೆಳಗೆ ಸುಮಾರು 12 ಸಾವಿರ ಶವ ಅಂತ ಆಗಿನವರ ಅಂದಾಜು. ಜಾರ್ಜ್ ವಾಕರ್ ಅನ್ನುವ ಸರ್ಜನ್ 1839ರಲ್ಲಿ ಇಂಥ ಜಾಗಗಳನ್ನೆಲ್ಲ ಒಂದೊಂದಾಗಿ ವಿವರಿಸಿ ಪುಸ್ತಕ ಬರೆದ. ಜನ ಅವನನ್ನು 'ಸ್ಮಶಾನ ವಾಕರ್' ಅಂತಲೇ ಕರೆಯತೊಡಗಿದರು.

ಇದರ ಜೊತೆಗೆ ಹೆಣಗಳ್ಳರ ಕಾಟ. ಮೆಡಿಕಲ್ ಕಾಲೇಜುಗಳಿಗೆ ಕೊಯ್ದು ಕಲಿಯೋಕೆ ಶವ ಬೇಕು, ಕಾನೂನಿನ ದಾರಿಯಲ್ಲಿ ಸಿಗುತ್ತಿದ್ದದ್ದು ಕೆಲವೇ. ಹಾಗಾಗಿ ರಾತ್ರೋರಾತ್ರಿ ಗೋರಿ ಅಗೆದು ಮಾರುವ ದಂಧೆ ನಡೆಯುತ್ತಿತ್ತು. 1832ರ ಅನಾಟಮಿ ಕಾಯ್ದೆ ಬಂದ ಮೇಲೆ ಅದು ನಿಂತಿತು. ಆದರೆ ಭಯ ಬೇಗ ಹೋಗಲಿಲ್ಲ. 'ನಮ್ಮವರನ್ನು ಭದ್ರವಾದ ಜಾಗದಲ್ಲಿ ಮಲಗಿಸಬೇಕು' ಅನ್ನುವ ಆಸೆ ದುಡ್ಡಿರುವ ಮಧ್ಯಮ ವರ್ಗದವರಲ್ಲಿ ಬಲವಾಗಿತ್ತು.

ಏಳು ಕಂಪನಿ ಸ್ಮಶಾನಗಳು

ಪ್ಯಾರಿಸ್ಸಿನವರು ಅಷ್ಟು ಹೊತ್ತಿಗೆ ಇದಕ್ಕೊಂದು ದಾರಿ ಕಂಡುಕೊಂಡಿದ್ದರು. 1804ರಲ್ಲಿ ಊರಿನ ಅಂಚಿನಲ್ಲಿ, ಗುಡ್ಡದ ಮೇಲೆ, ಮರಗಿಡಗಳ ನಡುವೆ ಪೇರ್ ಲಶೇಸ್ ಅನ್ನುವ ಸ್ಮಶಾನ ತೆರೆದರು. ಅದನ್ನು ನೋಡಿ ಬಂದ ಲಂಡನ್ನಿನ ವಕೀಲ ಜಾರ್ಜ್ ಕಾರ್ಡನ್, ನಮ್ಮಲ್ಲೂ ಇಂಥದ್ದು ಬೇಕು ಅಂತ 1820ರ ದಶಕದಿಂದ ಬೆನ್ನು ಹತ್ತಿದ. 1831-32ರಲ್ಲಿ ಇಂಗ್ಲೆಂಡಿಗೆ ಮೊದಲ ಸಲ ಕಾಲರಾ ಬಂದಾಗ ಸರ್ಕಾರಕ್ಕೂ ಬಿಸಿ ಮುಟ್ಟಿತು. 1832ರಲ್ಲಿ ಪಾರ್ಲಿಮೆಂಟ್ ಒಪ್ಪಿಗೆ ಕೊಟ್ಟಿತು, 1833ರಲ್ಲಿ ಕೆನ್ಸಲ್ ಗ್ರೀನ್ ತೆರೆಯಿತು.

ಇಲ್ಲೊಂದು ವಿಷಯ ಗಮನಿಸಬೇಕು. ಸ್ಮಶಾನ ಕಟ್ಟಿದ್ದು ಸರ್ಕಾರವಲ್ಲ, ಷೇರು ಕಂಪನಿ. ಜನ ಷೇರು ಕೊಳ್ಳೋದು, ಆ ದುಡ್ಡಿನಲ್ಲಿ ಊರಾಚೆ ಹೊಲ ಖರೀದಿಸೋದು, ಗೋಡೆ ಹಾಕಿ, ರಸ್ತೆ ಮಾಡಿ, ಮರ ನೆಟ್ಟು, ಗೋರಿಯ ಜಾಗಗಳನ್ನು ಮಾರೋದು, ಲಾಭ ಹಂಚಿಕೊಳ್ಳೋದು. ನಮ್ಮ ಊರಿನ ಲೇಔಟ್ ಡೆವಲಪರ್‌ಗಳು ಮಾಡುವ ಕೆಲಸವೇ, ಆದರೆ ಸೈಟು ತಗೊಂಡವರು ಮಾತ್ರ ಯಾವತ್ತೂ ಖಾಲಿ ಮಾಡಿ ಹೋಗಲ್ಲ! ಕೆನ್ಸಲ್ ಗ್ರೀನ್ ಲಾಭ ಮಾಡುವ ಲಕ್ಷಣ ಕಂಡದ್ದೇ ತಡ, 1841ರ ಒಳಗೆ ಇನ್ನೂ ಆರು ತಲೆ ಎತ್ತಿದವು: ವೆಸ್ಟ್ ನಾರ್‌ವುಡ್, ಹೈಗೇಟ್, ಆಬ್ನಿ ಪಾರ್ಕ್, ನನ್‌ಹೆಡ್, ಬ್ರಾಂಪ್ಟನ್, ಟವರ್ ಹ್ಯಾಮ್ಲೆಟ್ಸ್. ಲಂಡನ್ನಿನ ಸುತ್ತ ಒಂದು ಉಂಗುರದ ಹಾಗೆ. ಚರ್ಚಿನ ಅಂಗಳದ ಹಾಗೆ ಇವು ಒಂದು ಬಡಾವಣೆಯವರಿಗೆ ಮೀಸಲಲ್ಲ. ದುಡ್ಡು ಕೊಟ್ಟರೆ ಯಾವ ಊರಿನವರಿಗಾದರೂ ಜಾಗ ಸಿಗುತ್ತಿತ್ತು. ಆಗಿನವರ ಬಾಯಲ್ಲಿ 'ಸಾರ್ವಜನಿಕ' ಅಂದರೆ ಅಷ್ಟೇ ಅರ್ಥ.

ಬ್ರಾಂಪ್ಟನ್ ಕಟ್ಟಿದ್ದು ಹೇಗೆ

ಬ್ರಾಂಪ್ಟನ್ ಆಗ ಊರಾಚೆ. ತರಕಾರಿ ತೋಟಗಳು, ಇಟ್ಟಿಗೆ ಮಣ್ಣು ತೆಗೆಯುವ ಹೊಲಗಳು. ಅಲ್ಲಿ ಸುಮಾರು 39 ಎಕರೆ ಸಮತಟ್ಟು ಜಾಗ ತಗೊಂಡರು. ಗುಡ್ಡ ಇಲ್ಲ, ಹಳ್ಳ ಇಲ್ಲ, ನೋಡೋಕೆ ಏನೂ ಚೆಂದ ಇಲ್ಲ. ಉದ್ದನೆಯ ಪಟ್ಟಿಯಂಥ ಜಾಗ, ಪಶ್ಚಿಮದ ಗಡಿಗೆ ಕೆನ್ಸಿಂಗ್ಟನ್ ಕಾಲುವೆ. ಕಂಪನಿಗೆ ಪಾರ್ಲಿಮೆಂಟಿನ ಒಪ್ಪಿಗೆ ಸಿಕ್ಕಿದ್ದು 1837ರಲ್ಲಿ. ನಕ್ಷೆಗಾಗಿ ಸ್ಪರ್ಧೆ ಇಟ್ಟರು, ಬೆಂಜಮಿನ್ ಬೌಡ್ ಅನ್ನುವ ಆರ್ಕಿಟೆಕ್ಟ್ ಗೆದ್ದ. ವಿಂಡ್ಸರ್ ಅರಮನೆಯ ಕೆಲಸದಲ್ಲಿ ಸಹಾಯಕನಾಗಿ ಪಳಗಿದ್ದವನು.

ಬೌಡ್ ಮಾಡಿದ ಉಪಾಯ ಚೆನ್ನಾಗಿದೆ. ಗುಡ್ಡ ಇಲ್ಲದ ಜಾಗಕ್ಕೆ ಹೈಗೇಟಿನ ಥರ ಕಾಡಿನ ರೂಪ ಕೊಡೋಕಾಗಲ್ಲ. ಹಾಗಾಗಿ ಇಡೀ ಜಾಗವನ್ನೇ ಛಾವಣಿ ಇಲ್ಲದ ಒಂದು ದೊಡ್ಡ ಚರ್ಚು ಅಂತ ಕಲ್ಪಿಸಿಕೊಂಡ. ಉತ್ತರದಲ್ಲಿ ಕಮಾನಿನ ಹೆಬ್ಬಾಗಿಲು. ಅಲ್ಲಿಂದ ದಕ್ಷಿಣಕ್ಕೆ ನೇರವಾದ ರಸ್ತೆ, ಎರಡೂ ಕಡೆ ಲೈಮ್ ಮರಗಳ ಸಾಲು (ನಮ್ಮ ನಿಂಬೆ ಅಲ್ಲ, ಅದು ಬೇರೆಯೇ ಮರ). ರಸ್ತೆ ಮುಂದೆ ಹೋದಂತೆ ಸುಮಾರು 300 ಅಡಿ ಅಗಲದ ದೊಡ್ಡ ವೃತ್ತ, ಸುತ್ತ ಕಂಬಗಳ ಸಾಲು. ರೋಮಿನ ಸೇಂಟ್ ಪೀಟರ್ಸ್ ಚೌಕವನ್ನು ನೆನಪಿಸುವ ಹಾಗೆ. ಕೊನೆಯಲ್ಲಿ ಗುಮ್ಮಟದ ಪ್ರಾರ್ಥನಾಮಂದಿರ. ದೇವಸ್ಥಾನದಲ್ಲಿ ಮಹಾದ್ವಾರದಿಂದ ನವರಂಗ ದಾಟಿ ಗರ್ಭಗುಡಿಗೆ ಕಣ್ಣು ಹೋಗುತ್ತಲ್ಲ, ಹಾಗೆ.

ಕಂಬಸಾಲಿನ ಕೆಳಗೆ ನೆಲಮಾಳಿಗೆ ಮಾಡಿ ಗೂಡುಗಳನ್ನು ಕಟ್ಟಿದರು, ಅವಕ್ಕೆ ಕ್ಯಾಟಕೂಂಬ್ ಅನ್ನುತ್ತಾರೆ. ಮಣ್ಣಿಗೆ ಹೋಗಲು ಇಷ್ಟವಿಲ್ಲದ ಶ್ರೀಮಂತರು ಸೀಸದ ಹಾಳೆ ಹೊದಿಸಿದ ಪೆಟ್ಟಿಗೆಯಲ್ಲಿ ಅಲ್ಲಿ ಮಲಗಬಹುದು. ಬಾಗಿಲುಗಳು ಎರಕದ ಕಬ್ಬಿಣದವು. ಅದರ ಮೇಲೆ ಹಾವು, ತಲೆಕೆಳಗಾದ ಪಂಜಿನ ಚಿತ್ತಾರ. ಪಂಜು ತಲೆಕೆಳಗಾದರೆ ಬದುಕು ಮುಗಿಯಿತು ಅಂತ ಅರ್ಥ. ಕಾಲುವೆಯ ಕಡೆಯ ಗೋಡೆಗೂ ಇಂಥ ಗೂಡುಗಳ ಸಾಲು ಕಟ್ಟಿದರು. ಶವಪೆಟ್ಟಿಗೆ ದೋಣಿಯಲ್ಲಿ ಬರಲಿ ಅನ್ನುವ ಯೋಚನೆಯೂ ಇತ್ತು.

1840ರ ಜೂನ್‌ನಲ್ಲಿ ಬಿಷಪ್ ಬಂದು ಸಂಸ್ಕಾರ ಮಾಡಿದರು, ಅದೇ ತಿಂಗಳು ಮೊದಲ ಶವ ಬಂತು. ಆದರೆ ಲೆಕ್ಕಾಚಾರ ತಪ್ಪಿತ್ತು. ಒಂದೇ ಹೊತ್ತಿಗೆ ಏಳು ಸ್ಮಶಾನ ತೆರೆದರೆ ಗಿರಾಕಿ ಎಲ್ಲಿಂದ ಬರಬೇಕು? ಸಾವಿರಾರು ಗೂಡುಗಳಲ್ಲಿ ಮಾರಾಟವಾದದ್ದು ಸುಮಾರು 500 ಮಾತ್ರ. ಬೇರೆ ಪಂಥದವರಿಗೆ ಅಂತ ನಕ್ಷೆಯಲ್ಲಿದ್ದ ಎರಡು ಪ್ರಾರ್ಥನಾಮಂದಿರಗಳನ್ನು ದುಡ್ಡಿಲ್ಲದೆ ಕೈಬಿಟ್ಟರು. ಕಟ್ಟಡದಲ್ಲಿ ದೋಷ ಕಾಣಿಸಿಕೊಂಡಾಗ ಜಗಳ ಶುರುವಾಗಿ ಬೌಡ್‌ನನ್ನು ಕೆಲಸದಿಂದ ತೆಗೆದರು. ಅವನು ಕೋರ್ಟಿಗೆ ಹೋದ, ಗೆಲ್ಲಲಿಲ್ಲ. ಕಾಲುವೆಯ ಕತೆಯೂ ಅಷ್ಟೇ, ರೈಲು ಬಂದು ಕಾಲುವೆ ಹೋಗಿ ಹಳಿ ಬಂತು. ಪ್ರಾಜೆಕ್ಟ್ ಮ್ಯಾನೇಜ್‌ಮೆಂಟ್ ಕ್ಲಾಸಿನಲ್ಲಿ ಮೇಷ್ಟ್ರು ಹೇಳುವ ಎಲ್ಲ ಎಡವಟ್ಟುಗಳೂ ಒಂದೇ ಕಡೆ!

ತಪ್ಪು ಕಾರಣ, ಸರಿಯಾದ ಕೆಲಸ

ಈಗ ಜಾನ್ ಸ್ನೋ ಹತ್ತಿರ ಬರೋಣ. ಊರಾಚೆ ಸ್ಮಶಾನ ಬೇಕು ಅಂದವರ ಮುಖ್ಯ ವಾದ ಏನಿತ್ತು ಗೊತ್ತಾ? ಕೆಟ್ಟ ಗಾಳಿ. ಕೊಳೆತ ವಸ್ತುವಿನಿಂದ ಏಳುವ ದುರ್ವಾಸನೆಯೇ ರೋಗ ತರುತ್ತೆ ಅಂತ ಆಗಿನ ಬಹುಪಾಲು ವೈದ್ಯರು, ಅಧಿಕಾರಿಗಳು ನಂಬಿದ್ದರು. ಇದಕ್ಕೆ ಮಿಯಾಸ್ಮಾ ಸಿದ್ಧಾಂತ ಅಂತ ಹೆಸರು. ವಾಕರ್ ನಂಬಿದ್ದೂ ಅದನ್ನೇ, ಚಾಡ್ವಿಕ್ ನಂಬಿದ್ದೂ ಅದನ್ನೇ.

1848-49ರಲ್ಲಿ ಕಾಲರಾ ಮತ್ತೆ ಬಂತು. ಲಂಡನ್ ಒಂದರಲ್ಲೇ ಸುಮಾರು 14 ಸಾವಿರ ಜನ ಸತ್ತರು. ಚರ್ಚಿನ ಅಂಗಳಗಳು ಇನ್ನು ತಡೆದುಕೊಳ್ಳುವ ಹಾಗಿರಲಿಲ್ಲ. ಆಗ ಚಾಡ್ವಿಕ್ ಒಂದು ದೊಡ್ಡ ಯೋಜನೆ ಹಾಕಿದ: ಊರೊಳಗೆ ಹೂಳುವುದನ್ನು ನಿಲ್ಲಿಸಬೇಕು, ಕಂಪನಿ ಸ್ಮಶಾನಗಳನ್ನೆಲ್ಲ ಸರ್ಕಾರವೇ ಕೊಂಡುಕೊಳ್ಳಬೇಕು, ಬಡವರಿಗೂ ಮರ್ಯಾದೆಯ ಅಂತ್ಯಕ್ರಿಯೆ ಕಡಿಮೆ ಖರ್ಚಿನಲ್ಲಿ ಆಗಬೇಕು. 1850ರಲ್ಲಿ ಇದಕ್ಕಾಗಿ ಕಾನೂನೂ ಆಯಿತು. ಆದರೆ ಕಂಪನಿಗಳ ವಿರೋಧ, ಖಜಾನೆಯ ಬಿಗಿಮುಷ್ಟಿ. ಎರಡೇ ವರ್ಷದಲ್ಲಿ ಆ ಕಾನೂನು ಬಿದ್ದುಹೋಯಿತು. 1852ರಲ್ಲಿ ಬಂದ ಹೊಸ ಕಾಯ್ದೆ ಆ ಕೆಲಸವನ್ನು ಸ್ಥಳೀಯ ಮಂಡಳಿಗಳಿಗೆ ವಹಿಸಿತು.

ಅಷ್ಟರಲ್ಲಿ ಒಂದೇ ಒಂದು ಸ್ಮಶಾನದ ಖರೀದಿ ಮುಗಿದಿತ್ತು, ನಷ್ಟದಲ್ಲಿದ್ದ ಬ್ರಾಂಪ್ಟನ್‌ದು. ಕಂಪನಿ ಕೇಳಿದ್ದು ಬಹಳ ಹೆಚ್ಚು, ಸಿಕ್ಕಿದ್ದು ಸುಮಾರು 75 ಸಾವಿರ ಪೌಂಡ್. ಹೀಗೆ ಯೋಜನೆ ಸತ್ತರೂ ಯೋಜನೆಯ ಒಂದು ತುಂಡು ಸರ್ಕಾರದ ಕೈಯಲ್ಲೇ ಉಳಿಯಿತು. ಇವತ್ತಿಗೂ ಬ್ರಾಂಪ್ಟನ್ ರಾಜಮುಕುಟದ ಆಸ್ತಿ. ಹೈಡ್ ಪಾರ್ಕ್ ನೋಡಿಕೊಳ್ಳುವ ರಾಯಲ್ ಪಾರ್ಕ್ಸ್ ಸಂಸ್ಥೆಯೇ ಇದನ್ನೂ ನೋಡಿಕೊಳ್ಳುತ್ತೆ.

ಎರಡು ವರ್ಷ ಕಳೆದು, 1854ರಲ್ಲಿ, ಸೋಹೋ ಪ್ರದೇಶದ ಬ್ರಾಡ್ ಸ್ಟ್ರೀಟ್‌ನಲ್ಲಿ ಕಾಲರಾ 600ಕ್ಕೂ ಹೆಚ್ಚು ಜನರನ್ನು ಕೊಂದಿತು. ಜಾನ್ ಸ್ನೋ ಮನೆಮನೆ ತಿರುಗಿ ಯಾರು ಯಾವ ಪಂಪಿನ ನೀರು ಕುಡಿದರು ಅಂತ ವಿಚಾರಿಸಿದ. ಸಾವುಗಳೆಲ್ಲ ಒಂದೇ ಬೋರ್‌ಪಂಪಿನ ಸುತ್ತ ಗುಂಪಾಗಿದ್ದವು. ಸೆಪ್ಟೆಂಬರ್ 8ರಂದು ಪಂಪಿನ ಹಿಡಿ ತೆಗೆಸಿದರು. ರೋಗ ಹರಡೋದು ಗಾಳಿಯಿಂದಲ್ಲ, ಕೊಳಚೆ ಸೇರಿದ ನೀರಿನಿಂದ ಅನ್ನೋದು ಅವನ ವಾದ. ಆದರೆ ಆರೋಗ್ಯ ಮಂಡಳಿ ಒಪ್ಪಲಿಲ್ಲ. 1858ರ ಜೂನ್ 16ರಂದು, 45ನೇ ವಯಸ್ಸಿಗೆ ಸ್ನೋ ತೀರಿಕೊಂಡ. ಅದೇ ಬೇಸಿಗೆಯಲ್ಲಿ ಥೇಮ್ಸ್ ನದಿ ಗಬ್ಬೆದ್ದು ನಾರಿ ಪಾರ್ಲಿಮೆಂಟಿನವರು ಮೂಗು ಮುಚ್ಚಿಕೊಳ್ಳುವ ಹಾಗಾಯಿತು. ಆಮೇಲೆ ತಾನೇ ಬಜಲ್‌ಜೆಟ್‌ನ ಮಹಾ ಒಳಚರಂಡಿಗೆ ದುಡ್ಡು ಬಿಡುಗಡೆ ಆದದ್ದು! ಅವರೂ ವಾಸನೆಗೆ ಹೆದರಿಯೇ ಒಳಚರಂಡಿ ಕಟ್ಟಿಸಿದರು, ಕಾಲರಾ ಹೋದದ್ದು ನೀರು ಶುದ್ಧವಾದ್ದರಿಂದ.

ಸ್ನೋನನ್ನು ಹೂಳಿದ್ದು ಬ್ರಾಂಪ್ಟನ್‌ನಲ್ಲಿ. ಕೆಟ್ಟ ಗಾಳಿಗೆ ಹೆದರಿ ಊರಾಚೆ ಕಟ್ಟಿದ ಸ್ಮಶಾನದಲ್ಲಿ, ಗಾಳಿಯ ತಪ್ಪಲ್ಲ ಅಂತ ತೋರಿಸಿದ ಮನುಷ್ಯ ಮಲಗಿದ್ದಾನೆ. ಹಾಗಂತ ಸ್ಮಶಾನ ಕಟ್ಟಿದ್ದು ತಪ್ಪಾಯಿತಾ? ಇಲ್ಲ. ಕಿಕ್ಕಿರಿದ ನೆಲದಿಂದ, ಕುಡಿಯುವ ನೀರಿನ ಬಾವಿಗಳ ಪಕ್ಕದಿಂದ ಶವಗಳನ್ನು ದೂರ ಒಯ್ದದ್ದು ಸರಿಯಾದ ಕೆಲಸವೇ. ಕಾರಣ ತಪ್ಪಿತ್ತು, ಡಿಸೈನ್ ಸರಿಯಿತ್ತು. ಎರಡನೇ ಮಹಾಯುದ್ಧದ ಬಾಂಬಿಗೆ ಸ್ನೋನ ಸಮಾಧಿಯ ಕಲ್ಲು ಒಡೆದುಹೋಯಿತು. ಆಮೇಲೆ ವೈದ್ಯರೇ ಸೇರಿ ಮತ್ತೆ ನಿಲ್ಲಿಸಿದರು.

ಗೌರಮ್ಮ ಅಲ್ಲಿಗೆ ಹೋದದ್ದು

1834ರಲ್ಲಿ ಬ್ರಿಟಿಷರು ಕೊಡಗನ್ನು ವಶಪಡಿಸಿಕೊಂಡು ಚಿಕ್ಕವೀರರಾಜೇಂದ್ರನನ್ನು ಪದಚ್ಯುತಗೊಳಿಸಿದರು. ವೆಲ್ಲೂರಿಗೆ, ಅಲ್ಲಿಂದ ಕಾಶಿಗೆ ಕಳಿಸಿದರು. ಗೌರಮ್ಮ ಹುಟ್ಟಿದ್ದು 1841ರಲ್ಲಿ, ಕಾಶಿಯಲ್ಲಿ. ಅಂದರೆ ಮಡಿಕೇರಿಯ ಅರಮನೆ ಅವಳಿಗೆ ಅಪ್ಪನ ಬಾಯಲ್ಲಿ ಕೇಳಿದ ಕತೆ ಅಷ್ಟೇ.

1852ರಲ್ಲಿ ರಾಜ ಮಗಳನ್ನು ಕರೆದುಕೊಂಡು ಲಂಡನ್ನಿಗೆ ಹೊರಟ. ಕಂಪನಿ ಸರ್ಕಾರದಲ್ಲಿ ಸಿಕ್ಕಿಕೊಂಡಿದ್ದ ಮನೆತನದ ಹಣಕ್ಕಾಗಿ ದಾವೆ ಹೂಡೋದು ಒಂದು ಉದ್ದೇಶ, ಮಗಳನ್ನು ವಿಕ್ಟೋರಿಯಾ ರಾಣಿಯ ಆಶ್ರಯದಲ್ಲಿ ಬೆಳೆಸೋದು ಇನ್ನೊಂದು. ಅದೇ ವರ್ಷ ಜೂನ್‌ನಲ್ಲಿ ಬಕಿಂಗ್‌ಹ್ಯಾಮ್ ಅರಮನೆಯಲ್ಲಿ ಹನ್ನೊಂದು ವರ್ಷ ತುಂಬುವ ಮೊದಲೇ ಗೌರಮ್ಮನಿಗೆ ದೀಕ್ಷಾಸ್ನಾನ ಆಯಿತು. ರಾಣಿಯೇ ಧರ್ಮಮಾತೆ. ತನ್ನ ಹೆಸರನ್ನೇ ಕೊಟ್ಟಳು: ವಿಕ್ಟೋರಿಯಾ ಗೌರಮ್ಮ. ವಿಂಟರ್‌ಹಾಲ್ಟರ್ ಅವಳ ಚಿತ್ರ ಬರೆದ, ಮರೊಕೆಟ್ಟಿ ಅವಳ ಪ್ರತಿಮೆ ಕಡೆದ. ಆಸ್ಥಾನದ ಬಹುಮಾನದ ಹಾಗೆ ನೋಡಿಕೊಂಡರು. ಆದರೆ ಅಪ್ಪನ ಜೊತೆ ಇರೋಕೆ ಬಿಡಲಿಲ್ಲ, ಬೇರೆಯವರ ಮನೆಯಲ್ಲಿ ಬೆಳೆದಳು. ಪಂಜಾಬಿನ ಪದಚ್ಯುತ ಮಹಾರಾಜ ದುಲೀಪ್ ಸಿಂಗ್‌ಗೆ ಮದುವೆ ಮಾಡಬೇಕು ಅನ್ನುವ ಮಾತುಕತೆ ನಡೆದು ಮುರಿಯಿತು. 1859ರಲ್ಲಿ ಅಪ್ಪ ಲಂಡನ್ನಿನಲ್ಲೇ ತೀರಿಕೊಂಡ. ಮುಂದಿನ ವರ್ಷ ತನಗಿಂತ ಬಹಳ ದೊಡ್ಡ ವಯಸ್ಸಿನ ಕರ್ನಲ್ ಜಾನ್ ಕ್ಯಾಂಪ್‌ಬೆಲ್‌ನ ಜೊತೆ ಮದುವೆ, 1861ರಲ್ಲಿ ಒಬ್ಬಳು ಮಗಳು. 1864ರಲ್ಲಿ ಕ್ಷಯರೋಗ. ಆಗ ಅವಳಿಗೆ 22, ನಮ್ಮ ಫೈನಲ್ ಇಯರಿನವರ ವಯಸ್ಸು.

ಹೀಗೆ ಹಾಲೇರಿ ವಂಶದ ಮೊಮ್ಮಗಳು ಬ್ರಾಂಪ್ಟನ್‌ಗೆ ಬಂದಳು. ಅಜ್ಜ ಮಡಿಕೇರಿಯಲ್ಲಿ ಗುಮ್ಮಟದ ಕೆಳಗೆ, ಮೊಮ್ಮಗಳು ಲಂಡನ್ನಿನಲ್ಲಿ ಇನ್ನೊಂದು ಗುಮ್ಮಟ ಇರುವ ಅಂಗಳದಲ್ಲಿ. ನಡುವೆ ಎರಡು ತಲೆಮಾರು, ಒಂದು ಸಾಮ್ರಾಜ್ಯ.

ಅವಳ ನೆರೆಹೊರೆಯವರನ್ನೂ ಒಮ್ಮೆ ನೋಡಿ. ಅಟ್ಲಾಂಟಿಕ್ ದಾಟುವ ಹಡಗು ಕಂಪನಿ ಕಟ್ಟಿದ ಸಾಮ್ಯುಯೆಲ್ ಕುನಾರ್ಡ್. 1851ರ ಮಹಾ ವಸ್ತುಪ್ರದರ್ಶನದ ಹಿಂದಿದ್ದ ಹೆನ್ರಿ ಕೋಲ್. ಚೀನಾದಿಂದ ಚಹಾ ಗಿಡಗಳನ್ನು ಭಾರತಕ್ಕೆ ಸಾಗಿಸಿದ ರಾಬರ್ಟ್ ಫಾರ್ಚೂನ್. ಹೆಂಗಸರ ಮತದಾನದ ಹಕ್ಕಿಗೆ ಹೋರಾಡಿದ ಎಮ್ಮಲೀನ್ ಪ್ಯಾಂಕ್‌ಹರ್ಸ್ಟ್. ಮೆಕ್ಯಾನಿಕಲ್‌ನವರಿಗಾಗಿ ಪರ್ಸಿ ಪಿಲ್ಚರ್: ಗ್ಲೈಡರ್ ಹಾರಿಸುತ್ತಿದ್ದ, ಎಂಜಿನ್ ಕೂಡಿಸಿದ ವಿಮಾನವನ್ನೂ ಸಿದ್ಧಪಡಿಸುತ್ತಿದ್ದ ಎಂಜಿನಿಯರ್. 1899ರಲ್ಲಿ ಗ್ಲೈಡರ್ ಮುರಿದು ಬಿದ್ದು ಸತ್ತ, ರೈಟ್ ಸೋದರರು ಹಾರುವುದಕ್ಕೆ ನಾಲ್ಕು ವರ್ಷ ಮೊದಲು.

ಇನ್ನೊಬ್ಬ, ಲಾಂಗ್ ವುಲ್ಫ್. ಅಮೆರಿಕದ ಲಕೋಟಾ ಬುಡಕಟ್ಟಿನವನು. ಬಫಲೋ ಬಿಲ್ಲನ ಪ್ರದರ್ಶನ ತಂಡದ ಜೊತೆ ಬಂದು 1892ರಲ್ಲಿ ಲಂಡನ್ನಿನಲ್ಲಿ ಸತ್ತ. ಅವನ ಗೋರಿಕಲ್ಲಿನ ಮೇಲೆ ಒಂದು ತೋಳದ ಚಿತ್ರ. ನೂರಕ್ಕೂ ಹೆಚ್ಚು ವರ್ಷ ಆದ ಮೇಲೆ, 1997ರಲ್ಲಿ, ಅವನ ಜನ ಬಂದು ಅವನನ್ನೂ ಅವನ ಜೊತೆ ಹೂಳಿದ್ದ ಪುಟ್ಟ ಮಗುವನ್ನೂ ಸೌತ್ ಡಕೋಟಾದ ತಮ್ಮ ನೆಲಕ್ಕೆ ಕರೆದುಕೊಂಡು ಹೋದರು.

ಅವನನ್ನು ಹುಡುಕೋಕೆ ಆದದ್ದು ಹೇಗೆ? ಯಾವ ಗೋರಿಯಲ್ಲಿ ಯಾರಿದ್ದಾರೆ ಅನ್ನುವ ದಾಖಲೆ ಇತ್ತು, ಸ್ಮಶಾನವೂ ಇದ್ದಲ್ಲೇ ಇತ್ತು. ಇದು ಸಣ್ಣ ಮಾತಲ್ಲ.

ಕಟ್ಟೋದು ಸುಲಭ, ಕಾಯೋದು ಕಷ್ಟ

ಲೇಔಟ್ ಉದಾಹರಣೆಗೆ ಮತ್ತೆ ಬರೋಣ. ಸೈಟುಗಳೆಲ್ಲ ಮಾರಿ ಮುಗಿದ ಮೇಲೆ ಡೆವಲಪರ್ ಏನು ಮಾಡ್ತಾನೆ? ಇನ್ನೊಂದು ಕಡೆ ಹೊಸ ಲೇಔಟ್ ಶುರು ಮಾಡ್ತಾನೆ. ಸ್ಮಶಾನದ ಕಂಪನಿ ಹಾಗೆ ಹೋಗೋಕಾಗಲ್ಲ. ಅದು ಜನರಿಗೆ ಮಾರಿದ್ದು ಶಾಶ್ವತ ಜಾಗ. ದುಡ್ಡು ಬರೋದು ಒಂದೇ ಸಲ, ಹುಲ್ಲು ಬೆಳೆಯೋದು ಪ್ರತಿ ಮಳೆಗಾಲ. ಜಾಗ ತುಂಬುತ್ತಾ ಬಂದಂತೆ ಆದಾಯ ಇಳಿಯುತ್ತೆ, ಖರ್ಚು ಇಳಿಯಲ್ಲ. ಗೋಡೆ ಬೀಳುತ್ತೆ, ಮರ ಉರುಳುತ್ತೆ, ಕಲ್ಲು ವಾಲುತ್ತೆ. ಗೋರಿಗೆ ಹೂವು ತರುತ್ತಿದ್ದ ಮಕ್ಕಳೂ ಒಂದು ದಿನ ಇರಲ್ಲ.

ಏಳರಲ್ಲಿ ಕೆನ್ಸಲ್ ಗ್ರೀನ್ ಒಂದನ್ನು ಮಾತ್ರ ಹಳೆಯ ಕಂಪನಿಯೇ ಇನ್ನೂ ನಡೆಸುತ್ತಿದೆ. ಉಳಿದ ಕಂಪನಿಗಳು 20ನೇ ಶತಮಾನದಲ್ಲಿ ಕೈಚೆಲ್ಲಿದವು. ನನ್‌ಹೆಡ್‌ಗೆ 1969ರಲ್ಲಿ ಬೀಗ ಬಿತ್ತು. ಆಮೇಲೆ ಸ್ಥಳೀಯ ಕೌನ್ಸಿಲ್ ಅದನ್ನು ಕೊಂಡುಕೊಂಡದ್ದು ಒಂದೇ ಒಂದು ಪೌಂಡಿಗೆ! ಕಾರ್ಲ್ ಮಾರ್ಕ್ಸ್ ಮಲಗಿರುವ ಹೈಗೇಟ್ 1970ರ ದಶಕದಲ್ಲಿ ಪಾಳುಬಿದ್ದು ಕಾಡಾಯಿತು, ಕೊನೆಗೆ ಊರಿನ ಜನರೇ ಸಂಘ ಕಟ್ಟಿಕೊಂಡು ಉಳಿಸಿಕೊಂಡರು.

ಬ್ರಾಂಪ್ಟನ್‌ಗೂ ಕಷ್ಟ ಬರದೆ ಇರಲಿಲ್ಲ. ಜಾಗ ತುಂಬಿ 1952ರಲ್ಲಿ ಹೂಳುವುದನ್ನು ನಿಲ್ಲಿಸಿದರು, 1996ರಲ್ಲಿ ಮತ್ತೆ ಶುರು ಮಾಡಿದರು. ಕಂಬಸಾಲು ಸವೆಯಿತು, ಗುಮ್ಮಟ ಸೋರಿತು. ಇತ್ತೀಚೆಗೆ ಲಾಟರಿ ನಿಧಿಯ ನೆರವಿನಿಂದ ದುರಸ್ತಿ ಮಾಡಿದ್ದಾರೆ. ಆದರೆ ಒಂದು ದಿನವೂ ಅದಕ್ಕೆ 'ಯಾರದ್ದು ಈ ಜಾಗ' ಅನ್ನುವ ಪ್ರಶ್ನೆ ಬರಲಿಲ್ಲ. 1852ರಲ್ಲಿ ಮುರಿದುಬಿದ್ದ ಯೋಜನೆಯ ಆ ಒಂದು ತುಂಡು ಅದನ್ನು ಕಾಪಾಡಿತು. ಅಷ್ಟರಲ್ಲಿ ಲಂಡನ್ ಬೆಳೆದು, ತರಕಾರಿ ತೋಟಗಳೆಲ್ಲ ಮನೆಗಳಾಗಿ, ಊರಾಚೆಯ ಸ್ಮಶಾನ ಊರಿನ ನಡುವೆ ಬಂದು ಕೂತಿತು. ಈಗ ಅಕ್ಕಪಕ್ಕದವರಿಗೆ ಅದೇ ಪಾರ್ಕು. ಬೆಳಿಗ್ಗೆ ವಾಕಿಂಗ್ ಮಾಡ್ತಾರೆ, ಸೈಕಲ್ ಹೊಡೆಯುತ್ತಾರೆ, ಅಳಿಲುಗಳಿಗೆ ಕಾಳು ಹಾಕ್ತಾರೆ.

ಕೊನೆಗೊಂದು ಲೆಕ್ಕ. ಆ 39 ಎಕರೆಯಲ್ಲಿ ಮಲಗಿರುವವರು ಸುಮಾರು 2,05,000 ಜನ. ಗುಂಟೆಗೆ 130ರಷ್ಟು. ನಿಂತಿರುವ ಕಲ್ಲುಗಳು ಸುಮಾರು 35,000. ಒಂದೊಂದು ಕಲ್ಲಿನ ಕೆಳಗೆ ಮನೆಮಂದಿಯೆಲ್ಲ ಇದ್ದಾರೆ ಅಂತ ಇಟ್ಟುಕೊಂಡರೂ, ತಲೆಯ ಹತ್ತಿರ ಹೆಸರಿಲ್ಲದವರು ಬಹಳ ಜನ ಉಳಿಯುತ್ತಾರೆ. ಸ್ವಂತ ಗೋರಿ ಕೊಳ್ಳಲಾಗದವರನ್ನು ಆಳದ ಸಾಮೂಹಿಕ ಗುಂಡಿಯಲ್ಲಿ ಒಬ್ಬರ ಮೇಲೊಬ್ಬರಂತೆ ಇಡುತ್ತಿದ್ದರು. ರಾಣಿಯ ಧರ್ಮಪುತ್ರಿಯಾದ ಗೌರಮ್ಮನಿಗೆ ಕಲ್ಲು ಸಿಕ್ಕಿತು. ಅವಳ ಕಾಲದ ಮನೆಗೆಲಸದವಳಿಗೆ, ಇಟ್ಟಿಗೆ ಹೊತ್ತವನಿಗೆ ಸಿಕ್ಕಿದ್ದು ರಿಜಿಸ್ಟರಿನಲ್ಲಿ ಒಂದು ಸಾಲು. ಆದರೆ ಆ ಸಾಲಾದರೂ ಇದೆ. ಈನನ್ ಚಾಪೆಲ್ಲಿನ ಹಲಗೆಯ ಕೆಳಗೆ ಇದ್ದವರಿಗೆ ಅದೂ ಇರಲಿಲ್ಲ.

ನಮ್ಮ ಊರುಗಳೂ ಈಗ ಆಗಿನ ಲಂಡನ್ನಿನ ಹಾಗೆ ಉಬ್ಬುತ್ತಿವೆ. 2021ರ ಏಪ್ರಿಲ್, ಮೇ ತಿಂಗಳಲ್ಲಿ ಬೆಂಗಳೂರಿನ ಚಿತಾಗಾರಗಳ ಮುಂದೆ ಆಂಬುಲೆನ್ಸ್‌ಗಳು ಸಾಲುಗಟ್ಟಿ ನಿಂತದ್ದನ್ನು ನಾವೆಲ್ಲ ನೋಡಿದ್ದೇವೆ. ಹೊಸ ಬಡಾವಣೆಯ ನಕ್ಷೆ ಕೈಗೆ ಬಂದಾಗ ಪಾರ್ಕ್ ಎಲ್ಲಿ, ಶಾಲೆ ಎಲ್ಲಿ, ಎಸ್‌ಟಿಪಿ ಎಲ್ಲಿ ಅಂತ ನೋಡುತ್ತೇವೆ. ನಾಳೆ ನಮ್ಮಲ್ಲೇ ಯಾರೋ ಆ ನಕ್ಷೆ ಬರೆಯುವವರು. ಆವತ್ತು ಇನ್ನೊಂದು ಜಾಗಕ್ಕೂ ಗುರುತು ಹಾಕೋಣ. ಜಾಗ ಬಿಟ್ಟರೆ ಸಾಲದು, ನೂರು ವರ್ಷ ಆದ ಮೇಲೆ ಅಲ್ಲಿ ಹುಲ್ಲು ಕತ್ತರಿಸುವವರು ಯಾರು, ರಿಜಿಸ್ಟರ್ ಕಾಯುವವರು ಯಾರು ಅಂತಲೂ ಬರೆದಿಡೋಣ.

ಮುಂದಿನ ಸಲ ಮಡಿಕೇರಿಗೆ ಹೋದರೆ ಗದ್ದಿಗೆಯ ಹತ್ತಿರ ಹತ್ತು ನಿಮಿಷ ಕೂತು ಬನ್ನಿ. ಲಂಡನ್ನಿಗೆ ಎಂಎಸ್ ಮಾಡೋಕೆ ಹೋಗಿರುವ ಸೀನಿಯರ್‌ಗಳು ಚೆಲ್ಸಿ ಮ್ಯಾಚಿಗೆ ಹೋದರೆ, ಗೇಟ್ ತೆಗೆಯುವವರೆಗೆ ಪಕ್ಕದ ಬ್ರಾಂಪ್ಟನ್‌ಗೂ ಒಮ್ಮೆ ಹೋಗಿ ಬನ್ನಿ. ಗೌರಮ್ಮನ ಹತ್ತಿರ ನಿಂತು ಎರಡು ಮಾತು ಕನ್ನಡದಲ್ಲಿ ಆಡಿ. ಅವಳ ಅಜ್ಜನ ಊರಿನ ಮಾತು ಅಲ್ಲಿ ಯಾರೂ ಆಡುವವರಿಲ್ಲ.